ಓದುಗರ ಪ್ರಶ್ನೆ: ‘ಪ್ರಾಪರ್’ ಎಂದು ಬರೆದಿದ್ದರೆ ಬಳಸಬಹುದೇ?

ಪ್ರಶ್ನೆ: ಅಡಿಕೆ ಸುಲಿಯುವ ಮತ್ತು ವಿಂಗಡಿಸುವ ಯಂತ್ರಗಳನ್ನು ತಯಾರಿಸುವ ಸಣ್ಣ ವರ್ಕ್‌ಶಾಪ್ ನನ್ನದು. ಯಂತ್ರದ ಪಿಎಲ್‌ಸಿಗೆ (ಯಂತ್ರವನ್ನು ನಿಯಂತ್ರಿಸುವ ಪುಟ್ಟ ಕಂಪ್ಯೂಟರಿಗೆ) ಪ್ರೋಗ್ರಾಮ್ ಬರೆಯುವ ಸಾಫ್ಟ್‌ವೇರನ್ನು ನಮ್ಮ ಎಲೆಕ್ಟ್ರಿಷಿಯನ್ ಟೊರೆಂಟ್‌ನಿಂದ ಇಳಿಸಿಕೊಂಡಿದ್ದಾರೆ. ಕಡತದ ಹೆಸರಿನಲ್ಲಿ ‘ಪ್ರಾಪರ್’ ಎಂದಿರುವುದರಿಂದ ತೊಂದರೆಯಿಲ್ಲ ಎನ್ನುತ್ತಾರೆ. ಮಗ ಇಳಿಸಿಕೊಳ್ಳುವ ಸಿನಿಮಾಗಳಲ್ಲೂ ಈ ಗುರುತನ್ನು ನೋಡಿದ್ದೇನೆ. ಇದನ್ನು ಬಳಸಬಹುದೇ?
– ಓದುಗರೊಬ್ಬರು, ಶಿರಸಿ

ಉತ್ತರ: ಬಳಸಬಾರದು. ಆ ಗುರುತನ್ನು ಹಾಕಿದವರು ಸಾಫ್ಟ್‌ವೇರ್ ಕಂಪನಿಯವರಲ್ಲ, ಅನುಮತಿಯಿಲ್ಲದೆ ಪ್ರತಿ ಮಾಡಿ ಹಂಚುವ ಗುಂಪಿನವರು. ಯಾರು ಮೊದಲು ಬಿಡುಗಡೆ ಮಾಡಿದರು ಎಂಬ ಪೈಪೋಟಿ ಈ ಗುಂಪುಗಳ ನಡುವೆ ಬಹಳ ಹಿಂದಿನಿಂದ ಇದೆ. ಒಬ್ಬರು ಬಿಟ್ಟಿದ್ದನ್ನೇ ಇನ್ನೊಬ್ಬರು ಸುಮ್ಮನೆ ಮತ್ತೆ ಬಿಡಬಾರದೆಂಬ ಕಟ್ಟಳೆಯನ್ನೂ ಅವರೇ ಮಾಡಿಕೊಂಡಿದ್ದಾರೆ. (ಕಾನೂನನ್ನು ಲೆಕ್ಕಿಸದವರು ತಮ್ಮ ಕಟ್ಟಳೆಯಲ್ಲಿ ಮಾತ್ರ ಬಲು ನಿಷ್ಠುರರು.) ಮೊದಲು ಬಂದ ಸಿನಿಮಾ ಪ್ರತಿಯಲ್ಲಿ ಧ್ವನಿಯೂ ಚಿತ್ರವೂ ಹೊಂದದಿದ್ದರೆ, ದೃಶ್ಯ ಬಿಟ್ಟುಹೋಗಿದ್ದರೆ ಅಥವಾ ಚಿತ್ರದ ಅಂಚು ತಪ್ಪಾಗಿ ಕತ್ತರಿಸಿಹೋಗಿದ್ದರೆ, ಬೇರೊಂದು ಗುಂಪು ದೋಷವಿಲ್ಲದ ಪ್ರತಿಯನ್ನು ‘ಪ್ರಾಪರ್’ ಎಂದು ಬಿಡುತ್ತದೆ, ಮೊದಲಿನ ಗುಂಪೇ ತಿದ್ದಿ ಬಿಟ್ಟರೆ ಅದು ‘ರಿಪ್ಯಾಕ್’. ಏನು ತಿದ್ದಲಾಗಿದೆ ಎಂಬುದನ್ನು ಜೊತೆಗಿರುವ ಎನ್‌ಎಫ್‌ಒ ಎಂಬ ಮಾಹಿತಿ ಕಡತದಲ್ಲಿ ಬರೆಯುವುದು ವಾಡಿಕೆ. ಸಾಫ್ಟ್‌ವೇರಿನಲ್ಲಿ ಹೀಗೆ ತಿದ್ದುವುದು ಹೆಚ್ಚಾಗಿ ಕ್ರ್ಯಾಕ್ ಅನ್ನು, ಅಂದರೆ ಲೈಸೆನ್ಸ್ ತಪಾಸಣೆಯನ್ನು ತಪ್ಪಿಸುವ ಭಾಗವನ್ನು. ಹಿಂದಿನವರು ಅರೆಬರೆ ಮುರಿದಿದ್ದ ಬೀಗವನ್ನು ಇವರು ಪೂರ್ತಿ ಮುರಿದಿದ್ದಾರೆ ಎಂಬುದಷ್ಟೇ ನಿಮ್ಮಲ್ಲಿರುವ ಕಡತದ ಹೆಗ್ಗಳಿಕೆ.

ಸಿನಿಮಾದ ದೋಷ ನೋಡಿದವರಿಗೆ ಕಾಣುತ್ತದೆ. ಇಂಥ ಸಾಫ್ಟ್‌ವೇರಿನ ದೋಷ ಕಾಣದೆ ಇರಬಹುದು, ಏಕೆಂದರೆ ಅದು ಹೇಳಿದ ಕೆಲಸವನ್ನು ಮಾಡಿಯೇ ತೋರಿಸುತ್ತದೆ. ಪಿಎಲ್‌ಸಿ ಪಾಸ್‌ವರ್ಡ್ ತೆಗೆದುಕೊಡುವುದಾಗಿ ಹೇಳಿಕೊಳ್ಳುತ್ತಿದ್ದ ಒಂದು ಸಾಧನವನ್ನು 2022ರಲ್ಲಿ ಡ್ರಾಗೋಸ್ ಎಂಬ ಭದ್ರತಾ ಸಂಸ್ಥೆ ಬಿಡಿಸಿ ನೋಡಿದಾಗ, ಅದು ಪಾಸ್‌ವರ್ಡನ್ನು ನಿಜವಾಗಿಯೂ ಕೊಡುತ್ತಿತ್ತು, ಜೊತೆಗೆ ಕಂಪ್ಯೂಟರಿನೊಳಗೆ ಸ್ಯಾಲಿಟಿ ಎಂಬ ಮಾಲ್‌ವೇರನ್ನೂ (ಹಾನಿ ಮಾಡುವ ಸಾಫ್ಟ್‌ವೇರನ್ನೂ) ಸೇರಿಸುತ್ತಿತ್ತು. 2010ರಲ್ಲಿ ಬೆಳಕಿಗೆ ಬಂದ ಸ್ಟಕ್ಸ್‌ನೆಟ್ ಎಂಬ ಮಾಲ್‌ವೇರ್ ಪಿಎಲ್‌ಸಿಗಳನ್ನು ತಲುಪಿದ್ದು ಕೂಡ ಪಿಎಲ್‌ಸಿಗೆ ಪ್ರೋಗ್ರಾಮ್ ಬರೆಯುವ ಸೀಮೆನ್ಸ್‌ನ ಸ್ಟೆಪ್ 7 ಸಾಫ್ಟ್‌ವೇರ್ ಇದ್ದ ಕಂಪ್ಯೂಟರುಗಳ ಮೂಲಕವೇ. ನಿಮ್ಮ ಯಂತ್ರ ತೋಟಿಗರ ಮನೆಯಂಗಳಕ್ಕೆ ಹೋಗುವಂಥದ್ದು. ಅದರ ಹತ್ತಿರ ಕೈಯಿಟ್ಟು ಕೆಲಸ ಮಾಡುವವರಿರುತ್ತಾರೆ. ಎಲ್ಲಿಂದ ಬಂತೆಂದು ಗೊತ್ತಿಲ್ಲದ ಕಡತವನ್ನು ನೆಚ್ಚಿ ಅಂಥ ಯಂತ್ರವನ್ನು ಮಾರುವುದು ನನಗೆ ಸರಿಕಾಣುವುದಿಲ್ಲ.

ಕಾನೂನಿನ ಮಾತೂ ಇದೆ. ಹಕ್ಕುಸ್ವಾಮ್ಯ ಉಲ್ಲಂಘಿಸಿದ ಸಾಫ್ಟ್‌ವೇರನ್ನು ತಿಳಿದೂ ಬಳಸುವವರಿಗೆ 1957ರ ಕೃತಿಸ್ವಾಮ್ಯ ಕಾಯ್ದೆಯ 63ಬಿ ಕಲಮು 7 ದಿನದಿಂದ 3 ವರ್ಷದವರೆಗಿನ ಸೆರೆವಾಸ ಹಾಗೂ 50 ಸಾವಿರದಿಂದ 2 ಲಕ್ಷ ರೂಪಾಯಿವರೆಗಿನ ದಂಡ ವಿಧಿಸುತ್ತದೆ. ಲಾಭಕ್ಕಾಗಿ ಅಥವಾ ವ್ಯಾಪಾರದಲ್ಲಿ ಬಳಸದಿದ್ದವರಿಗೆ ನ್ಯಾಯಾಲಯ ಸೆರೆವಾಸ ಬಿಟ್ಟು ದಂಡ ಮಾತ್ರ ಹಾಕಲು ಅವಕಾಶವಿದೆ, ಆದರೆ ವರ್ಕ್‌ಶಾಪ್ ನಡೆಸುವ ನಿಮಗೆ ಆ ರಿಯಾಯಿತಿ ಒದಗದು. ಮಗನಿಗೆ ಇದನ್ನು ತಿಳಿಸಿ: ಟೊರೆಂಟ್‌ನಲ್ಲಿ ಇಳಿಸಿಕೊಳ್ಳುತ್ತಿರುವಾಗಲೇ ಆ ಕಡತದ ತುಣುಕುಗಳು ಅವನ ಕಂಪ್ಯೂಟರಿನಿಂದ ಇತರರಿಗೆ ಹೋಗುತ್ತಿರುತ್ತವೆ. ಹಾಗಾಗಿ ಅವನು ಪಡೆದವನಷ್ಟೇ ಅಲ್ಲ, ಹಂಚಿದವನೂ ಆಗುತ್ತಾನೆ.

ಖರ್ಚಿನ ಬಗ್ಗೆ ಹೇಳುವುದಾದರೆ, ಪ್ರೋಗ್ರಾಮ್ ಒಮ್ಮೆ ಪಿಎಲ್‌ಸಿಗೆ ಇಳಿದ ಮೇಲೆ ಅದು ತಾನಾಗಿ ಓಡುತ್ತದೆ. ಸಾಫ್ಟ್‌ವೇರ್ ಬೇಕಾಗುವುದು ಬರೆಯುವಾಗ, ತಿದ್ದುವಾಗ ಮಾತ್ರ. ಹತ್ತು ಯಂತ್ರ ಮಾರಿದರೆ ಹತ್ತು ಲೈಸೆನ್ಸ್ ಬೇಕೆಂದು ತಿಳಿಯುವವರಿದ್ದಾರೆ. ಬರೆಯುವ ಕಂಪ್ಯೂಟರ್ ಒಂದೇ ಆದರೆ ಸಾಮಾನ್ಯವಾಗಿ ಒಂದೇ ಸಾಕು. ಕೋಡೆಸಿಸ್ ಎಂಬ ಪಿಎಲ್‌ಸಿ ಸಾಫ್ಟ್‌ವೇರಿನಲ್ಲಿ ಬರೆಯುವ ಭಾಗ ಉಚಿತ, ಪಿಎಲ್‌ಸಿಯಲ್ಲಿ ಓಡುವ ಭಾಗಕ್ಕೆ ಲೈಸೆನ್ಸ್. ಸಣ್ಣ ಪಿಎಲ್‌ಸಿಗಳಿಗೆ ಸಾಫ್ಟ್‌ವೇರನ್ನು ಹಣವಿಲ್ಲದೆ ಕೊಡುವ ತಯಾರಕರೂ ಇದ್ದಾರೆ. ಆದ್ದರಿಂದ ಮುಂದಿನ ಸಲ ಪಿಎಲ್‌ಸಿಯ ಬೆಲೆಯ ಜೊತೆಗೆ ಸಾಫ್ಟ್‌ವೇರಿನ ಬೆಲೆಯನ್ನೂ ಕೇಳಿಯೇ ಆರಿಸಿ.

ಪ್ರಶ್ನೆ: ಬೈತಖೋಲ್ ಬಂದರಿನ ಹತ್ತಿರದ ನಮ್ಮ ಐಸ್ ಪ್ಲಾಂಟಿನ ಕಂಪ್ಯೂಟರ್ ಸಿಡಿಲಿಗೆ ಸುಟ್ಟುಹೋಗಿದೆ. ಹಣ ಕೊಟ್ಟು ಪಡೆದ ಸ್ಕಾಡಾ (ಪ್ಲಾಂಟಿನ ಸ್ಥಿತಿಯನ್ನು ಕಂಪ್ಯೂಟರ್ ಪರದೆಯಲ್ಲಿ ತೋರಿಸುವ, ನಿಯಂತ್ರಿಸುವ ಸಾಫ್ಟ್‌ವೇರ್) ಲೈಸೆನ್ಸ್ ಅದರಲ್ಲೇ ಇತ್ತು. ಮತ್ತೆ ಕೊಳ್ಳಬೇಕೇ?
– ಓದುಗರೊಬ್ಬರು, ಕಾರವಾರ

ಉತ್ತರ: ಲೈಸೆನ್ಸ್ ಯುಎಸ್‌ಬಿ ಡಾಂಗಲ್‌ನಲ್ಲಿದ್ದು (ಪೆನ್‌ಡ್ರೈವ್‌ನಂಥ ಬೀಗದ ಕೈ) ಅದು ಉಳಿದಿದ್ದರೆ, ಹೊಸ ಕಂಪ್ಯೂಟರಿಗೆ ಸಾಫ್ಟ್‌ವೇರ್ ಹಾಕಿ ಡಾಂಗಲ್ ಚುಚ್ಚಿದರೆ ಸಾಕು. ಹಳೆಯ ಕಂಪ್ಯೂಟರಿನ ನೆಟ್‌ವರ್ಕ್ ಕಾರ್ಡ್ ಅಥವಾ ಹಾರ್ಡ್ ಡಿಸ್ಕಿನ ಸಂಖ್ಯೆಗೆ ಕಟ್ಟಿದ ಲೈಸೆನ್ಸ್ ಆಗಿದ್ದರೆ, ಖರೀದಿ ಬಿಲ್, ಲೈಸೆನ್ಸ್ ಪ್ರಮಾಣಪತ್ರ, ಕಂಪ್ಯೂಟರ್ ಕೆಟ್ಟಿದೆಯೆಂಬ ಸರ್ವಿಸ್ ವರದಿ ಇವಿಷ್ಟನ್ನು ಸಾಫ್ಟ್‌ವೇರ್ ಕಂಪನಿಗೆ ಕಳಿಸಿ ಹೊಸ ಕಂಪ್ಯೂಟರಿಗೆ ವರ್ಗಾವಣೆ ಕೇಳಬೇಕು. ಕೊಡುವುದೂ ಶುಲ್ಕ ಕೇಳುವುದೂ ಒಪ್ಪಂದದ ಷರತ್ತಿಗೆ ಬಿಟ್ಟದ್ದು. ಬಿಲ್ ಯಂತ್ರ ಪೂರೈಸಿದವರ ಹೆಸರಿನಲ್ಲಿದ್ದರೆ ಅರ್ಜಿಯನ್ನು ಅವರ ಮೂಲಕವೇ ಹಾಕಿಸಿ.

ಪ್ಲಾಂಟಿನ ನಿಯಂತ್ರಣ ಪಿಎಲ್‌ಸಿಯಲ್ಲೇ ಇದ್ದು ಸ್ಕಾಡಾ ಬರೀ ತೋರಿಸುವುದಕ್ಕಾದರೆ, ಕಂಪ್ರೆಸರನ್ನು ಪ್ಯಾನೆಲ್‌ನಿಂದ ನಡೆಸಬಹುದು. ಆದರೆ ಪರದೆಯ ಮೇಲೆ ಬರುತ್ತಿದ್ದ ಅಲಾರಂಗಳು ಈಗ ಕಾಣುವುದಿಲ್ಲವಾದ್ದರಿಂದ, ತಂಪು ಮಾಡಲು ಅಮೋನಿಯಾ ಬಳಸುವ ಪ್ಲಾಂಟಾದರೆ ಹೊಸ ಲೈಸೆನ್ಸ್ ಬರುವವರೆಗೆ ಒತ್ತಡದ ಗೇಜುಗಳನ್ನು ಪಾಳಿಯವರು ಗಂಟೆಗೊಮ್ಮೆ ಓದಿ ಪುಸ್ತಕದಲ್ಲಿ ಬರೆಯುವ ಏರ್ಪಾಡು ಮಾಡಿ.