ಕೂಡದ ಪೆಲ್ವಿಸ್ ಮೂಳೆಮುರಿತಕ್ಕೆ ಏಳನೆಯ ಅಕ್ಷರ ಎ ಕೊಡಬೇಕೇ, ಕೆ ಕೊಡಬೇಕೇ?

ಅಮೆರಿಕದ ಕ್ಲೈಮ್‌ಗಳಿಗಾಗಿ ರೋಗಗಳನ್ನು ಕೋಡ್ ಮಾಡುವ ಐಸಿಡಿ-10-ಸಿಎಂ ಪದ್ಧತಿಯಲ್ಲಿ, ಮೂಳೆಮುರಿತದ ಕೋಡ್‌ನ ಏಳನೆಯ ಅಕ್ಷರ ಆ ಭೇಟಿ ಯಾವ ಹಂತದ್ದೆಂದು ತಿಳಿಸುತ್ತದೆ: ಎ ಎಂದರೆ ಸಕ್ರಿಯ ಚಿಕಿತ್ಸೆ, ಕೆ ಎಂದರೆ ಮೂಳೆ ಕೂಡದೆ ಉಳಿದಾಗಿನ (ನಾನ್‌ಯೂನಿಯನ್) ಮುಂದಿನ ಭೇಟಿ. ನಿಮ್ಮ ಪ್ರಶ್ನೆಯಲ್ಲಿರುವ ಚಾರ್ಟನ್ನು, ಅಂದರೆ ರೋಗಿಯ ದಾಖಲೆಯನ್ನು, ನಾನು ಅರ್ಥಮಾಡಿಕೊಂಡಿರುವುದು ಹೀಗೆ. ರೋಗಿ ಅಮೆರಿಕದವರು. ಹತ್ತು ತಿಂಗಳ ಹಿಂದೆ ಕಾರು ಅಪಘಾತದಲ್ಲಿ ಪೆಲ್ವಿಸ್ ಮುರಿದು ಪ್ಲೇಟ್ ಹಾಕಿಸಿಕೊಂಡಿದ್ದರು. ಈಗ ನಡೆಯುವಾಗ ನೋವೆಂದು ಬಂದಿದ್ದಾರೆ. ಎಡಗಡೆಯ ಸುಪೀರಿಯರ್ ಪ್ಯೂಬಿಕ್ ರೇಮಸ್ (ಪೆಲ್ವಿಸ್‌ನ ಮುಂಭಾಗದ ಪ್ಯೂಬಿಸ್ ಮೂಳೆಯ ಮೇಲಿನ ಕವಲು) ನಾನ್‌ಯೂನಿಯನ್ ಆಗಿದೆ, ಪ್ಲೇಟ್ ಕೂಡ ಮುರಿದಿದೆ ಎಂದು ಸರ್ಜನ್ ಬರೆದು, ಹಳೆಯ ಪ್ಲೇಟ್ ತೆಗೆದು ಬೋನ್ ಗ್ರಾಫ್ಟ್‌ನೊಂದಿಗೆ (ಮೂಳೆ ಕಸಿ) ಹೊಸದನ್ನು ಹಾಕಿದ್ದಾರೆ. ನೀವು ಏಳನೆಯ ಅಕ್ಷರವಾಗಿ ಕೆ ಕೊಟ್ಟಿದ್ದೀರಿ. ಆಪರೇಷನ್ ಎಂದರೆ ಸಕ್ರಿಯ ಚಿಕಿತ್ಸೆ, ಆದ್ದರಿಂದ ಎ ಬರಬೇಕಿತ್ತು ಎಂದು ಆಡಿಟರ್ ಅಂಕ ಕಳೆದಿದ್ದಾರೆ. ನೀವು ಕೊಟ್ಟ ಕೆ ಸರಿಯಾಗಿದೆ. ಆದರೆ ಈ ಚಾರ್ಟ್‌ನಲ್ಲಿ ಕೆ ಒಂದೇ ಸಾಲದು, ಅದರ ಜೊತೆಗೆ ನೋಡಬೇಕಾದದ್ದು ಇನ್ನೂ ಇದೆ.

ಬೆಂಗಳೂರಿನಲ್ಲಿ ಕುಳಿತು ಆರ್ಥೋ ಚಾರ್ಟ್‌ಗಳನ್ನೇ ನೋಡುವ ನನ್ನಂಥವರಿಗೆ ಈ ಗೊಂದಲ ಹೊಸದಲ್ಲ, ಮತ್ತು ಆಡಿಟರ್ ಹೇಳಿದ ನಿಯಮವೂ ಸುಳ್ಳಲ್ಲ. ಮೂಳೆಮುರಿತಕ್ಕೆ ಸಕ್ರಿಯ ಚಿಕಿತ್ಸೆ ನಡೆಯುವ ಪ್ರತಿ ಭೇಟಿಗೂ ಎ ಕೊಡಬೇಕೆಂದು ಐಸಿಡಿ-10-ಸಿಎಂ ಮಾರ್ಗಸೂಚಿಯೇ ಹೇಳುತ್ತದೆ. ಆದರೆ ಅದೇ ಮಾರ್ಗಸೂಚಿಯ 19ನೆಯ ಅಧ್ಯಾಯದಲ್ಲಿ, ಮುರಿತದ ಭಾಗವನ್ನು ಮುಂದಕ್ಕೆ ಓದಿದರೆ, ಮೂಳೆ ಕೂಡದಿರುವುದು ಅಥವಾ ವಕ್ರವಾಗಿ ಕೂಡುವುದು ಮುರಿತದ ತೊಡಕುಗಳೆಂದೂ, ಅವುಗಳ ಆರೈಕೆಯನ್ನು ಮುಂದಿನ ಭೇಟಿಗೆಂದು ಗೊತ್ತುಪಡಿಸಿದ ಆಯಾ ಅಕ್ಷರದಿಂದಲೇ ತೋರಿಸಬೇಕೆಂದೂ ಪ್ರತ್ಯೇಕವಾಗಿ ಹೇಳಿದೆ. ಸಾಮಾನ್ಯ ನಿಯಮಕ್ಕಿಂತ ಈ ನಿರ್ದಿಷ್ಟ ನಿಯಮಕ್ಕೇ ಬೆಲೆ ಹೆಚ್ಚು. ಆಪರೇಷನ್ ಎಷ್ಟೇ ದೊಡ್ಡದಾಗಿರಲಿ, ಚಿಕಿತ್ಸೆ ನಡೆಯುತ್ತಿರುವುದು ನಾನ್‌ಯೂನಿಯನ್‌ಗೆ ಎಂದಾದರೆ ಅಕ್ಷರ ಕೆ. ಎ ಬರುವ ಸಂದರ್ಭ ಒಂದಿದೆ: ಮುರಿತಕ್ಕಾಗಲಿ ನಾನ್‌ಯೂನಿಯನ್‌ಗಾಗಲಿ ಮೊದಲು ಚಿಕಿತ್ಸೆ ಪಡೆಯದೆ, ತಡವಾಗಿ ಮೊದಲ ಬಾರಿಗೆ ವೈದ್ಯರ ಬಳಿ ಬಂದ ರೋಗಿ. ನಿಮ್ಮ ರೋಗಿಗೆ ಹತ್ತು ತಿಂಗಳ ಹಿಂದೆಯೇ ಪ್ಲೇಟ್ ಹಾಕಿದ್ದರಿಂದ ಅದು ಇಲ್ಲಿ ಅನ್ವಯಿಸುವುದಿಲ್ಲ.

2015ರ ಅಕ್ಟೋಬರ್ 1ಕ್ಕೆ ಮೊದಲು, ಐಸಿಡಿ-9-ಸಿಎಂ ಬಳಕೆಯಲ್ಲಿದ್ದಾಗ, ದೇಹದ ಯಾವ ಮೂಳೆ ಕೂಡದಿದ್ದರೂ 733.82 ಎಂಬ ಒಂದೇ ಕೋಡ್ ಇತ್ತು. ಈಗ ಮೂಲ ಮುರಿತದ ಕೋಡನ್ನೇ ಉಳಿಸಿಕೊಂಡು ಕೊನೆಯ ಅಕ್ಷರವನ್ನಷ್ಟೇ ಬದಲಿಸುವುದರಿಂದ ಯಾವ ಮೂಳೆ, ಯಾವ ಬದಿ ಎಂಬುದು ಉಳಿಯುತ್ತದೆ. ಪೆಲ್ವಿಸ್ ಮುರಿತಗಳು ಸೇರುವ ಎಸ್32 ಗುಂಪಿನಲ್ಲಿ ಎ (ಮುಚ್ಚಿದ ಮುರಿತಕ್ಕೆ ಸಕ್ರಿಯ ಚಿಕಿತ್ಸೆ), ಬಿ (ತೆರೆದ ಮುರಿತಕ್ಕೆ ಸಕ್ರಿಯ ಚಿಕಿತ್ಸೆ), ಡಿ (ಸಹಜವಾಗಿ ಕೂಡುತ್ತಿರುವಾಗಿನ ಮುಂದಿನ ಭೇಟಿ), ಜಿ (ನಿಧಾನವಾಗಿ ಕೂಡುತ್ತಿರುವುದು), ಕೆ (ಕೂಡದಿರುವುದು), ಎಸ್ (ಮುರಿತದ ನಂತರ ಉಳಿದ ಪರಿಣಾಮ) ಎಂಬ ಆರು ಅಕ್ಷರಗಳಿಗೆ ಮಾತ್ರ ಅವಕಾಶ. ತೊಡೆಮೂಳೆ, ಕಾಲುಮೂಳೆಗಳ ಚಾರ್ಟ್ ಮಾಡಿ ಅಭ್ಯಾಸವಾದವರು ಅಲ್ಲಿ ತೆರೆದ ಮುರಿತ ಕೂಡದಿದ್ದಾಗ ಕೊಡುವ ಎಂ, ಎನ್ ಅಕ್ಷರಗಳನ್ನು ಇಲ್ಲಿಯೂ ಹುಡುಕುತ್ತಾರೆ. ಪೆಲ್ವಿಸ್‌ನಲ್ಲಿ ಅವು ಇಲ್ಲ. ಮೊದಲ ದಿನ ತೆರೆದ ಗಾಯವಿದ್ದು ಬಿ ಕೊಟ್ಟಿದ್ದರೂ ಮುಂದೆ ಮೂಳೆ ಕೂಡದಿದ್ದರೆ ಕೆ ಒಂದೇ. ವಕ್ರವಾಗಿ ಕೂಡಿದ್ದಕ್ಕೆ ಬೇರೆಡೆ ಬಳಸುವ ಪಿ ಅಕ್ಷರವೂ ಈ ಗುಂಪಿನಲ್ಲಿಲ್ಲ, ಹಾಕಿದರೆ ಕೋಡ್ ಅಮಾನ್ಯವಾಗುತ್ತದೆ.

ಇನ್ನು ಮೂಲ ಕೋಡ್. ನನ್ನ ಮಟ್ಟಿಗೆ ಈ ಚಾರ್ಟ್‌ನ ನಿಜವಾದ ಕಷ್ಟ ಇರುವುದು ಇಲ್ಲಿಯೇ. ಎಡ ಪ್ಯೂಬಿಸ್‌ನ ಮೇಲ್ಭಾಗದ ಮುರಿತ ಮಾತ್ರ ಇದ್ದರೆ ಎಸ್32.512ಕೆ ಆಗುತ್ತದೆ. ಆದರೆ ಕಾರು ಅಪಘಾತದಲ್ಲಿ ಪೆಲ್ವಿಸ್‌ಗೆ ಪ್ಲೇಟ್ ಹಾಕುವಷ್ಟು ಪೆಟ್ಟು ಬಿದ್ದಿದ್ದರೆ, ಮುಂಭಾಗದ ಜೊತೆಗೆ ಹಿಂಭಾಗವೂ ಮುರಿದು ಪೆಲ್ವಿಕ್ ರಿಂಗ್ (ಪೆಲ್ವಿಸ್ ಮೂಳೆಗಳು ಸೇರಿ ಆಗುವ ಉಂಗುರ) ಕಳಚಿರುವ ಸಾಧ್ಯತೆ ಸಾಕಷ್ಟಿದೆ. ರಿಂಗ್ ಕಳಚಿದೆ ಎಂದು ವೈದ್ಯರು ಬರೆದಿದ್ದರೆ ಇಲಿಯಂ, ಪ್ಯೂಬಿಸ್, ಇಶ್ಚಿಯಂ ಎಂಬ ಪೆಲ್ವಿಸ್ ಮೂಳೆಗಳ ಬಿಡಿ ಕೋಡ್‌ಗಳನ್ನು ಬಳಸುವಂತಿಲ್ಲ. ಎಸ್32.3, ಎಸ್32.5, ಎಸ್32.6 ಮೂರರ ಕೆಳಗೂ ಎಕ್ಸ್‌ಕ್ಲೂಡ್ಸ್-1 ಸೂಚನೆ (ಈ ಎರಡು ಕೋಡ್‌ಗಳನ್ನು ಒಟ್ಟಿಗೆ ಕೊಡಬಾರದೆಂಬ ಸೂಚನೆ) ಇದ್ದು, ಅದು ನಿಮ್ಮನ್ನು ಎಸ್32.8ಕ್ಕೆ ಕಳಿಸುತ್ತದೆ. ಆಗ ಸ್ಥಿರವಾದ ಕಳಚುವಿಕೆಗೆ ಎಸ್32.810ಕೆ, ಅಸ್ಥಿರವಾದದ್ದಕ್ಕೆ ಎಸ್32.811ಕೆ. ಅಸಿಟ್ಯಾಬುಲಂನ, ಅಂದರೆ ತೊಡೆಮೂಳೆಯ ತಲೆ ಕೂರುವ ಗುಳಿಯ, ಮಾತು ಬೇರೆ. ರಿಂಗ್ ಮುರಿತದ ಜೊತೆ ಅದೂ ಮುರಿದಿದ್ದರೆ ಎರಡನ್ನೂ ಕೋಡ್ ಮಾಡಬೇಕು. ಹಾಗಾಗಿ ಈಗಿನ ಭೇಟಿಯ ನೋಟ್‌ನಲ್ಲಿ ನಾನ್‌ಯೂನಿಯನ್ ಎಂಬ ಸಾಲಿಗೇ ನಿಲ್ಲದೆ, ಅದರಲ್ಲಿ ಸರ್ಜನ್ ಹಳೆಯ ಗಾಯವನ್ನು ಹೇಗೆ ವಿವರಿಸಿದ್ದಾರೆಂದು ಗಮನಿಸಿ. ರಿಂಗ್ ವಿಷಯ ಸ್ಪಷ್ಟವಿಲ್ಲದಿದ್ದರೆ ಊಹಿಸಬೇಡಿ, ಕ್ವೆರಿ ಹಾಕಿ, ಅಂದರೆ ವೈದ್ಯರನ್ನೇ ಕೇಳಿ. ಎಲ್ಲವನ್ನೂ ಎಸ್32.9ಕ್ಕೆ ತಳ್ಳುವ ಅಭ್ಯಾಸವನ್ನು ನಾನು ಒಪ್ಪುವುದಿಲ್ಲ. ಬದಿಯೂ ಮೂಳೆಯೂ ನೋಟ್‌ನಲ್ಲಿ ಎದ್ದು ಕಾಣುತ್ತಿರುವಾಗ ನಿರ್ದಿಷ್ಟವಲ್ಲದ ಕೋಡ್ ಕೊಡುವುದು ಆ ರೋಗಿಯ ದಾಖಲೆಗೆ ಮಾಡುವ ಅನ್ಯಾಯ.

ಮುರಿದ ಪ್ಲೇಟ್‌ಗೆ ಪ್ರತ್ಯೇಕ ಕೋಡ್ ಬೇಕು: ಟಿ84.218ಎ, ಅಂದರೆ ಇತರ ಮೂಳೆಗಳಲ್ಲಿ ಒಳಗೆ ಅಳವಡಿಸಿದ ಸಾಧನ ಮುರಿದದ್ದು. ಒಂದೇ ಚಾರ್ಟ್‌ನಲ್ಲಿ ಎಸ್ ಕೋಡ್‌ಗೆ ಕೆ, ಟಿ ಕೋಡ್‌ಗೆ ಎ ಬಂದದ್ದನ್ನು ನೋಡಿ ಗಾಬರಿಯಾಗಬೇಡಿ. ತೊಡಕಿನ ಕೋಡ್‌ಗಳಲ್ಲಿ ಸಕ್ರಿಯ ಚಿಕಿತ್ಸೆ ಎಂದರೆ ಆ ಕೋಡ್ ಹೇಳುವ ಸ್ಥಿತಿಗೆ ನಡೆಯುವ ಚಿಕಿತ್ಸೆ, ಮತ್ತು ಮುರಿದ ಪ್ಲೇಟನ್ನು ತೆಗೆಯುತ್ತಿರುವುದು ಈಗಲೇ ತಾನೇ. ಆಡಿಟರ್ ಎ ಬೇಕೆಂದು ನೆನಪಿಟ್ಟುಕೊಂಡದ್ದು ಬಹುಶಃ ಇದನ್ನೇ ಇರಬೇಕು. ಅಪಘಾತವನ್ನು ತಿಳಿಸುವ ವಿ ಕೋಡನ್ನು ನಿಮ್ಮ ಕ್ಲೈಂಟ್ ಕೇಳುವುದಾದರೆ ಅದಕ್ಕೆ ಡಿ ಬರುತ್ತದೆ. ಸಿಗರೇಟಿನ ಮೇಲಿನ ಅವಲಂಬನೆಯನ್ನೋ ಸಕ್ಕರೆ ಕಾಯಿಲೆಯನ್ನೋ ವೈದ್ಯರು ದಾಖಲಿಸಿದ್ದರೆ ಅವನ್ನೂ ಬಿಡಬೇಡಿ. ಪೆಲ್ವಿಸ್‌ನ ಮೂಳೆಗಳಿಗೆ ರಕ್ತ ಚೆನ್ನಾಗಿ ಹರಿಯುವುದರಿಂದ ಅವು ಸಾಮಾನ್ಯವಾಗಿ ಕೂಡಿಕೊಳ್ಳುತ್ತವೆ. ಕೂಡದೆ ಉಳಿದಾಗ ಕಾರಣಗಳ ದಾಖಲೆಗೆ ಅಷ್ಟೇ ಮಹತ್ವವಿದೆ.

ಹತ್ತು ತಿಂಗಳಾಗಿರುವುದರಿಂದ ತಾನಾಗಿಯೇ ನಾನ್‌ಯೂನಿಯನ್ ಎನ್ನಬಹುದೇ ಎಂದೂ ನೀವು ಕೇಳಿದ್ದೀರಿ. ಎನ್ನಲಾಗದು. ಗಾಯವಾಗಿ ಕನಿಷ್ಠ 9 ತಿಂಗಳು ಕಳೆದು, ಕೊನೆಯ 3 ತಿಂಗಳಲ್ಲಿ ಕೂಡುವ ಲಕ್ಷಣ ಮುಂದುವರಿಯದಿದ್ದರೆ ನಾನ್‌ಯೂನಿಯನ್ ಎಂಬ ಅಮೆರಿಕದ ಎಫ್‌ಡಿಎ (ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆ) ವ್ಯಾಖ್ಯೆ ಪ್ರಸಿದ್ಧವಾಗಿದೆ, ಆದರೆ ಅದು ವೈದ್ಯರ ತೀರ್ಮಾನಕ್ಕೆ ನೆರವಾಗುವ ಅಳತೆಯೇ ಹೊರತು ಕೋಡರ್ ಕ್ಯಾಲೆಂಡರ್ ನೋಡಿ ಅನ್ವಯಿಸುವ ಸೂತ್ರವಲ್ಲ. ಚಿಕಿತ್ಸೆ ನೀಡುವ ವೈದ್ಯರು ‘ನಿಧಾನವಾಗಿ ಕೂಡುತ್ತಿದೆ’ ಎಂದು ಬರೆದಿದ್ದರೆ ಎಷ್ಟೇ ತಿಂಗಳಾಗಿದ್ದರೂ ಜಿ. ಸಿಟಿ ವರದಿಯಲ್ಲಿ ಬಿರುಕು ಹಾಗೆಯೇ ಕಾಣುತ್ತಿದೆ ಎಂದಷ್ಟೇ ಇದ್ದರೆ ಅದರಿಂದ ಕೆ ಹುಟ್ಟುವುದಿಲ್ಲ. ಹಾಗೆಯೇ ‘ಸೂಡಾರ್ಥ್ರೋಸಿಸ್’ (ಸುಳ್ಳು ಕೀಲು) ಎಂಬ ಪದ ಕಂಡ ತಕ್ಷಣ ಎಂ96.0ಕ್ಕೆ ಹೋಗಬೇಡಿ; ಅದು ಕೀಲನ್ನು ಬೆಸೆಯುವ ಆಪರೇಷನ್ ವಿಫಲವಾದಾಗಿನ ಕೋಡ್. ಮುರಿತದಲ್ಲಿ ಆ ಪದ ಬಂದರೆ ಇಂಡೆಕ್ಸ್ ನಿಮ್ಮನ್ನು ಮತ್ತೆ ನಾನ್‌ಯೂನಿಯನ್‌ಗೇ ಕಳಿಸುತ್ತದೆ.

ಮುಂದೆ ವಯಸ್ಸಾದವರ ಚಾರ್ಟ್ ಬಂದರೆ ಒಂದನ್ನು ಮೊದಲೇ ಪರೀಕ್ಷಿಸಿ. ಆಸ್ಟಿಯೋಪೊರೋಸಿಸ್ (ಮೂಳೆ ಟೊಳ್ಳಾಗುವ ಕಾಯಿಲೆ) ಇದೆ ಎಂದು ಗೊತ್ತಿರುವ ಅಜ್ಜಿಯೊಬ್ಬರು ಬಚ್ಚಲಲ್ಲಿ ಜಾರಿ ಪ್ಯೂಬಿಸ್ ಮುರಿದುಕೊಂಡಿದ್ದು, ಆರೋಗ್ಯವಂತ ಮೂಳೆಯಾಗಿದ್ದರೆ ಅಂಥ ಬೀಳುವಿಕೆಗೆ ಮುರಿಯುತ್ತಿರಲಿಲ್ಲ ಎನ್ನುವಂತಿದ್ದರೆ, ಎಸ್32 ಗುಂಪು ಅಲ್ಲವೇ ಅಲ್ಲ, ಆಸ್ಟಿಯೋಪೊರೋಸಿಸ್‌ನಿಂದಾದ ಮುರಿತಗಳ ಎಂ80 ಗುಂಪು. ಅಲ್ಲಿಯೂ ನಾನ್‌ಯೂನಿಯನ್‌ಗೆ ಕೆ ಇದೆ.

ಇವೆಲ್ಲ ಅಮೆರಿಕದ ಕ್ಲೈಮ್‌ಗಳಿಗಾಗಿರುವ ಐಸಿಡಿ-10-ಸಿಎಂ ಮಾತು. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10 ಅನುಸರಿಸುವ ಇಲ್ಲಿನ ಆಸ್ಪತ್ರೆಯೊಂದರ ದಾಖಲೆ ವಿಭಾಗಕ್ಕೆ ನೀವು ನಾಳೆ ಸೇರಿದರೆ ಅಲ್ಲಿ ಏಳನೆಯ ಅಕ್ಷರವೇ ಇರುವುದಿಲ್ಲ. ಕೂಡದ ಮುರಿತಕ್ಕೆ ಎಂ84.1, ಜಾಗ ತೋರಿಸುವ ಅಂಕಿಯನ್ನೂ ಬಳಸುವುದಾದರೆ ಪೆಲ್ವಿಸ್ ಮತ್ತು ತೊಡೆಯ ಭಾಗಕ್ಕೆ 5 ಸೇರಿಸಿ ಎಂ84.15.

ಆಡಿಟ್‌ಗೆ ಮರುತ್ತರ ಬರೆಯುವಾಗ ವಾದವನ್ನು ಬೆಳೆಸದೆ, 19ನೆಯ ಅಧ್ಯಾಯದಲ್ಲಿ ಆಘಾತದ ಮುರಿತಗಳ ಬಗೆಗಿನ ಭಾಗವನ್ನು ಹಾಗೆಯೇ ನಕಲಿಸಿ, ಸರ್ಜನ್ ನಾನ್‌ಯೂನಿಯನ್ ಎಂದು ಬರೆದ ಸಾಲು ಮತ್ತು ಮೊದಲ ಆಪರೇಷನ್ನಿನ ದಿನಾಂಕ ಎರಡನ್ನೂ ಅದರ ಕೆಳಗೆ ಇಡಿ. ರಿಂಗ್ ಬಗ್ಗೆ ಹಾಕುವ ಕ್ವೆರಿಯಲ್ಲಿ ‘ಅಸ್ಥಿರ ಎಂದು ಬರೆಯಬಹುದೇ’ ಎಂಬಂತೆ ಉತ್ತರವನ್ನು ವೈದ್ಯರ ಬಾಯಿಗೆ ಇಡದೆ, ಗಾಯದ ಸ್ವರೂಪವನ್ನು ಸ್ಪಷ್ಟಪಡಿಸಿ ಎಂದು ಕೋರಿ ಸ್ಥಿರ, ಅಸ್ಥಿರ, ರಿಂಗ್ ಕಳಚಿಲ್ಲ, ಇತರೆ, ನಿರ್ಧರಿಸಲಾಗದು ಎಂಬ ಆಯ್ಕೆಗಳನ್ನು ಕೊಡಿ. ಉತ್ತರ ಬರುವವರೆಗೆ ಚಾರ್ಟನ್ನು ಹೋಲ್ಡ್‌ನಲ್ಲಿ ಇಟ್ಟಿರಿ.