ಆ ಹಸುಗಳನ್ನು ಎಲ್ಲಿ ಬಿಟ್ಟಿರಿ?

ಮಾನ್ಯರೇ,

ಕಠೋಪನಿಷತ್ತನ್ನು ಕುರಿತ ನಿಮ್ಮ ಲೇಖನವನ್ನು ಓದಿದೆ. ಭಾಷೆ ಶುದ್ಧವಾಗಿದೆ, ದೇಹವನ್ನು ರಥವೆಂದು ಕಾಣುವ ರೂಪಕವನ್ನು ವಿವರಿಸಿದ ಭಾಗ ಅಚ್ಚುಕಟ್ಟಾಗಿದೆ. ಇಷ್ಟು ಹೇಳಿ ಲೇಖನವನ್ನು ಹಿಂದಿರುಗಿಸಬಹುದಿತ್ತು. ಆದರೆ ಅದರ ಎರಡು ವಾಕ್ಯಗಳು ಎರಡು ದಿನಗಳಿಂದ ನನ್ನನ್ನು ಬಿಡದೆ ಕಾಡುತ್ತಿವೆ.

ಮೊದಲನೆಯದು ಇದು: "ತಂದೆಯ ಯಜ್ಞದಲ್ಲಿ ನಡೆಯುತ್ತಿದ್ದ ಲೋಪವನ್ನು ಕಂಡು ನಚಿಕೇತನ ಮನಸ್ಸು ನೊಂದಿತು." ಯಾವ ಲೋಪ? ಮೂಲವು ಅದನ್ನು ಮುಚ್ಚಿಟ್ಟಿಲ್ಲ. ಮೂರನೆಯ ಮಂತ್ರದಲ್ಲೇ "ಪೀತೋದಕಾ ಜಗ್ಧತೃಣಾ ದುಗ್ಧದೋಹಾ ನಿರಿಂದ್ರಿಯಾಃ" ಎಂದು ನಾಲ್ಕು ಮಾತುಗಳಲ್ಲಿ ಹಸುಗಳನ್ನು ನಮ್ಮ ಕಣ್ಣೆದುರಿಗೆ ತಂದು ನಿಲ್ಲಿಸುತ್ತದೆ. ಕುಡಿಯಬೇಕಾದ ನೀರನ್ನು ಕುಡಿದು ಮುಗಿಸಿದವು, ಮೇಯಬೇಕಾದ ಹುಲ್ಲನ್ನು ಮೇಯ್ದು ಮುಗಿಸಿದವು, ಕೊಡಬೇಕಾದ ಹಾಲನ್ನೆಲ್ಲ ಕೊಟ್ಟಾದವು, ಇನ್ನು ಕರು ಹಾಕುವ ಶಕ್ತಿಯೂ ಇಲ್ಲದವು. ಎಲ್ಲವನ್ನೂ ದಾನ ಮಾಡುತ್ತೇನೆಂದು ಹೊರಟವನು ಕೊಡುತ್ತಿರುವುದು ಈ ಗೊಡ್ಡು ಹಸುಗಳನ್ನು! ಇಷ್ಟು ಖಾರವಾದ ಮಾತನ್ನು ನೀವು 'ಲೋಪ' ಎಂಬ ಒಂದು ಸಪ್ಪೆ ಪದದ ಕೆಳಗೆ ಹೂತುಬಿಟ್ಟಿದ್ದೀರಿ.

'ಮನಸ್ಸು ನೊಂದಿತು' ಎಂಬುದೂ ಅಲ್ಲಿಲ್ಲ. ದಕ್ಷಿಣೆಯ ಹಸುಗಳನ್ನು ಒಯ್ಯುತ್ತಿರುವಾಗ ಆ ಹುಡುಗನನ್ನು 'ಶ್ರದ್ಧೆ' ಹೊಕ್ಕಿತು ಎಂದಿದೆ. ನೊಂದವನು ಮೂಲೆಯಲ್ಲಿ ಕುಳಿತು ಅಳುತ್ತಾನೆ. ಶ್ರದ್ಧೆ ಹೊಕ್ಕವನು ಲೆಕ್ಕ ಕೇಳುತ್ತಾನೆ. ಸರ್ವಸ್ವವನ್ನೂ ಕೊಡುವುದಾದರೆ ಮಗನೂ ಆ ಸರ್ವಸ್ವದಲ್ಲಿ ಸೇರಿದವನೇ ಅಲ್ಲವೇ? ಆದ್ದರಿಂದಲೇ "ಅಪ್ಪಾ, ನನ್ನನ್ನು ಯಾರಿಗೆ ಕೊಡುವೆ?" ಎಂದು ಮೂರು ಸಲ ಕೇಳಿ, "ಮೃತ್ಯುವಿಗೆ ಕೊಟ್ಟೆ" ಎಂಬ ಉತ್ತರವನ್ನು ಪಡೆದು, ಮೃತ್ಯುದೇವತೆಯಾದ ಯಮನ ಬಳಿಗೆ ಹೋಗುತ್ತಾನೆ.

ಹಸುಗಳಿಗಾಗಿ ನಾನು ಇಷ್ಟೊಂದು ಜಗ್ಗಾಡುವುದಕ್ಕೆ ಇನ್ನೊಂದು ಕಾರಣವೂ ಇದೆ. ಆನೆ, ಕುದುರೆ, ಚಿನ್ನ, ನೂರು ವರ್ಷ ಬಾಳುವ ಮಕ್ಕಳು ಮೊಮ್ಮಕ್ಕಳನ್ನು ಕೊಡುತ್ತೇನೆಂದು ಯಮನು ಆಸೆ ತೋರಿಸಿದಾಗ, ಇವು ಇಂದ್ರಿಯಗಳ ತೇಜಸ್ಸನ್ನು ಸವೆಸುತ್ತವೆ, ನಿನ್ನ ವಾಹನಗಳೂ ನೃತ್ಯಗೀತಗಳೂ ನಿನಗೇ ಇರಲಿ ಎಂದು ನಚಿಕೇತ ಉತ್ತರಿಸುತ್ತಾನೆ. ನಿರಿಂದ್ರಿಯವಾದ ಹಸುಗಳನ್ನು ಕಣ್ಣಾರೆ ಕಂಡು ಬಂದ ಹುಡುಗ ಮಾತ್ರ ಆಡಬಹುದಾದ ಮಾತು ಅದು. ಮುಂದೆ ನೀವು ಮೆಚ್ಚಿ ಬರೆದ ರಥದಲ್ಲಿ ಅದೇ ಇಂದ್ರಿಯಗಳು ಕುದುರೆಗಳಾಗಿ ಬರುತ್ತವೆ. ಇದು ನನ್ನ ಓದು, ಒಪ್ಪಲೇಬೇಕೆಂದಿಲ್ಲ. ಆದರೆ ಹಸುಗಳನ್ನು ಬಿಟ್ಟರೆ ಕುದುರೆಗಳು ಎಲ್ಲಿಂದಲೋ ಬಂದಂತೆ ಕಾಣುತ್ತವೆ, ನಿಮ್ಮ ಲೇಖನದಲ್ಲಿ ಆಗಿರುವುದೂ ಅದೇ.

ಎರಡನೆಯ ವಾಕ್ಯ: "ಏಳಿ, ಎದ್ದೇಳಿ, ಗುರಿ ಮುಟ್ಟುವವರೆಗೂ ನಿಲ್ಲದಿರಿ ಎಂದು ಉಪನಿಷತ್ತು ಸಾರುತ್ತದೆ." ಸಾರುವುದಿಲ್ಲ. ಅದು ವಿವೇಕಾನಂದರು ಕೊಟ್ಟ ಕರೆ. ಅವರಿಗೆ ಸ್ಫೂರ್ತಿಯಾದ ಮಂತ್ರದಲ್ಲಿ ಇರುವುದು "ಉತ್ತಿಷ್ಠತ ಜಾಗ್ರತ ಪ್ರಾಪ್ಯ ವರಾನ್ನಿಬೋಧತ" ಎಂದು. ಏಳಿ, ಎಚ್ಚರಗೊಳ್ಳಿ, ಶ್ರೇಷ್ಠರಾದ ಆಚಾರ್ಯರ ಬಳಿಗೆ ಹೋಗಿ ತಿಳಿದುಕೊಳ್ಳಿ. ಅಲ್ಲಿ 'ಗುರಿ'ಯೂ ಇಲ್ಲ, 'ನಿಲ್ಲದಿರಿ'ಯೂ ಇಲ್ಲ. ಮರುಕ್ಷಣವೇ ಆ ದಾರಿ ಕ್ಷೌರದ ಕತ್ತಿಯ ಅಲಗಿನಂತೆ ದಾಟಲು ಕಷ್ಟವಾದುದು ಎನ್ನುತ್ತದೆ. ಓಡು ಎಂದು ಹುರಿದುಂಬಿಸುವ ಮಾತಿಗೂ, ಬಲ್ಲವರನ್ನು ಕೇಳಿ ನೋಡಿ ಹೆಜ್ಜೆಯಿಡು ಎಂಬ ಮಾತಿಗೂ ನಡುವೆ ಎಷ್ಟು ದೂರ!

ಈ ಸಿಡುಕು ನನಗೆ ಹುಟ್ಟಿನಿಂದ ಬಂದುದಲ್ಲ. ಮೊಳೆ ಜೋಡಿಸಿ ಅಚ್ಚು ಹಾಕುತ್ತಿದ್ದ ಕಾಲದಲ್ಲಿ ನಾನೂ "ಉಪನಿಷತ್ತುಗಳು ಲೋಕತ್ಯಾಗವನ್ನು ಬೋಧಿಸುತ್ತವೆ" ಎಂದು ಬರೆದ ಲೇಖನವೊಂದನ್ನು ಒಬ್ಬ ಹಿರಿಯ ಸಂಪಾದಕರ ಮೇಜಿನ ಮೇಲೆ ಇಟ್ಟಿದ್ದೆ. "ಮುಕ್ತಿಕೋಪನಿಷತ್ತಿನ ಪಟ್ಟಿಯಲ್ಲಿ 108 ಇವೆಯಪ್ಪ, ನಿನಗೆ ಹೇಳಿದ್ದು ಯಾವುದು?" ಎಂದರು. ಈಶಾವಾಸ್ಯ ಎಂದೆ, ಮೊದಲ ಮಂತ್ರದಲ್ಲಿ ತ್ಯಾಗವನ್ನು ಹೇಳುವ "ತೇನ ತ್ಯಕ್ತೇನ" ಎಂಬುದನ್ನು ಹೆಮ್ಮೆಯಿಂದ ಒಪ್ಪಿಸಿದೆ. "ಎರಡನೆಯದನ್ನು ಹೇಳು" ಎಂದರು. ನನಗೆ ಬರಲಿಲ್ಲ. "ಕುರ್ವನ್ನೇವೇಹ ಕರ್ಮಾಣಿ ಜಿಜೀವಿಷೇಚ್ಛತಂ ಸಮಾಃ" ಎಂದು ಅವರೇ ಹೇಳಿ, ಇಲ್ಲಿ ಕರ್ಮ ಮಾಡುತ್ತಲೇ ನೂರು ವರ್ಷ ಬಾಳಲು ಬಯಸಬೇಕೆಂದು ಅರ್ಥ ಬಿಡಿಸಿ, ಕರಡನ್ನು ಮಡಚಿ ನನ್ನ ಕೈಗೆ ಕೊಟ್ಟರು. ಬಾಗಿಲು ದಾಟುವಾಗ ಕಿವಿ ಬಿಸಿಯಾಗಿತ್ತು.

ನಿಮ್ಮ ಉಳಿದ ಪುಟಗಳ ಬಗ್ಗೆ ನನ್ನ ತಕರಾರಿಲ್ಲ, ರಥವನ್ನಂತೂ ಮುಟ್ಟಬೇಡಿ. ಕಠೋಪನಿಷತ್ತಿನ ಮೊದಲ ಭಾಗವಾದ ಮೊದಲ ವಲ್ಲಿಯನ್ನು ಇನ್ನೊಮ್ಮೆ ನಿಧಾನವಾಗಿ ಓದಿ, ಮೊದಲ ಪುಟವನ್ನು ಹಸುಗಳಿಂದ ಆರಂಭಿಸಿ ಕಳುಹಿಸಿ. ಜಾಗವನ್ನು ಕಾಯ್ದಿರಿಸಿರುತ್ತೇನೆ.