ಜಗತ್ತಿನ ಮೊದಲ ಹಾರರ್ ಸಿನಿಮಾ ಯಾವುದು? ಅಂಥ ಹಳೇ ಮೂಕಿಚಿತ್ರಗಳನ್ನು ಈಗ ನೋಡಿದರೂ ಭಯವಾಗುತ್ತಾ?

ಮೊದಲನೆಯದು ಅಂತ ಸಾಮಾನ್ಯವಾಗಿ ಹೇಳುವುದು ಫ್ರಾನ್ಸಿನ ಜಾರ್ಜ್ ಮೆಲಿಯೆಸ್ 1896ರಲ್ಲಿ ತೆಗೆದ ಚಿತ್ರವನ್ನು. ಅದರ ಫ್ರೆಂಚ್ ಹೆಸರನ್ನು ಕನ್ನಡದಲ್ಲಿ 'ಸೈತಾನನ ಬಂಗಲೆ' ಅನ್ನಬಹುದು. ಇಡೀ ಸಿನಿಮಾ ಮೂರೇ ನಿಮಿಷ. ಕಳೆದೇ ಹೋಯಿತು ಅಂದುಕೊಂಡಿದ್ದ ಇದರ ಒಂದು ಪ್ರತಿ ಎಷ್ಟೋ ವರ್ಷಗಳ ಮೇಲೆ ನ್ಯೂಜಿಲೆಂಡಿನಲ್ಲಿ ಸಿಕ್ಕಿತು.

ಭಯ? ನನಗಂತೂ ನಗು ಬಂತು. ದೊಡ್ಡ ಬಾವಲಿಯೊಂದು ಹಾರಿ ಬಂದು ತಟ್ಟನೆ ಸೈತಾನನಾಗುತ್ತದೆ. ಕೊಪ್ಪರಿಗೆಯೊಳಗಿಂದ ಹೆಣ್ಣೊಬ್ಬಳು ಎದ್ದು ಬರುತ್ತಾಳೆ. ಇದ್ದಕ್ಕಿದ್ದಂತೆ ಅಸ್ಥಿಪಂಜರ ಪ್ರತ್ಯಕ್ಷ. ಕೊನೆಗೆ ಒಬ್ಬ ಶಿಲುಬೆ ಎತ್ತಿ ಹಿಡಿದು ಸೈತಾನನನ್ನು ಓಡಿಸುತ್ತಾನೆ.

ಮೆಲಿಯೆಸ್ ಮೂಲತಃ ಜಾದೂಗಾರ. 1888ರಲ್ಲಿ ಪ್ಯಾರಿಸ್ಸಿನ ಜಾದೂ ರಂಗಮಂದಿರವೊಂದನ್ನೇ ಕೊಂಡಿದ್ದವನು. ಕ್ಯಾಮೆರಾ ನಿಲ್ಲಿಸುವುದು, ಬಾವಲಿ ತೆಗೆದು ಆ ಜಾಗದಲ್ಲಿ ನಟನನ್ನು ನಿಲ್ಲಿಸುವುದು, ಮತ್ತೆ ಕ್ಯಾಮೆರಾ ತಿರುಗಿಸುವುದು. ಆಮೇಲೆ ಫಿಲ್ಮನ್ನು ಅಲ್ಲಿಗೆ ಸರಿಯಾಗಿ ಕತ್ತರಿಸಿ ಅಂಟಿಸುವುದು. ಅಪ್ಪಟ ಕಣ್ಕಟ್ಟು. ಹೆದರಿಸುವ ಉದ್ದೇಶವೇ ಅವನಿಗೆ ಇದ್ದಂತೆ ನನಗೆ ಕಾಣಲಿಲ್ಲ.

ಮೈ ಜುಮ್ಮೆನ್ನಬೇಕಿದ್ದರೆ ಅಮೆರಿಕದ ಎಡಿಸನ್ ಕಂಪನಿಯ 1910ರ 'ಫ್ರಾಂಕೆನ್‌ಸ್ಟೈನ್' ನೋಡಿ. ನಿರ್ದೇಶಕ ಜೆ. ಸರ್ಲ್ ಡಾಲಿ, ರಾಕ್ಷಸನ ಪಾತ್ರದಲ್ಲಿ ಚಾರ್ಲ್ಸ್ ಓಗಲ್. ಕಾಲು ಗಂಟೆಯೂ ಬೇಡ. ಫ್ರಾಂಕೆನ್‌ಸ್ಟೈನ್ ಎಂಬವನು ರಾಕ್ಷಸನೊಬ್ಬನನ್ನು ಸೃಷ್ಟಿಸುವ ಕಥೆ. ಆಮೇಲೆ ಬಂದ ಫ್ರಾಂಕೆನ್‌ಸ್ಟೈನ್ ಚಿತ್ರಗಳಲ್ಲಿರುವಂತೆ ಇದರಲ್ಲಿ ಮಿಂಚು, ಯಂತ್ರ ಯಾವುದೂ ಇಲ್ಲ. ರಾಸಾಯನಿಕ ತುಂಬಿದ ಕೊಪ್ಪರಿಗೆಯೊಳಗೆ ಬರೀ ಮೂಳೆ ಕಾಣುತ್ತದೆ. ಹೊಗೆಯ ನಡುವೆ ಅದಕ್ಕೆ ಚೂರುಚೂರಾಗಿ ಮಾಂಸ ಹತ್ತುತ್ತಾ ಹೋಗುತ್ತದೆ, ಕೈಯೊಂದು ಮೇಲೇಳುತ್ತದೆ. ಮಾಡಿದ್ದಿಷ್ಟೇ: ಗೊಂಬೆಯೊಂದಕ್ಕೆ ಬೆಂಕಿ ಹಚ್ಚಿ, ಅದು ಉರಿದು ಕರಗುವುದನ್ನು ಚಿತ್ರೀಕರಿಸಿ, ಫಿಲ್ಮನ್ನು ಹಿಂದುಮುಂದಾಗಿ ತೋರಿಸಿದ್ದು. ಗುಟ್ಟು ಗೊತ್ತಿದ್ದೂ ಎರಡನೇ ಸಲ ನೋಡುವಾಗ ನನಗೆ ಕಸಿವಿಸಿಯಾಯಿತು. ಮೆಲಿಯೆಸ್‌ನ ಸೈತಾನ ಕಣ್ಣು ಮಿಟುಕಿಸುವುದರೊಳಗೆ ಬಂದುಬಿಡುತ್ತಾನೆ, ಹೆದರಲು ಪುರಸೊತ್ತೇ ಇರುವುದಿಲ್ಲ. ಇಲ್ಲಿ ಹಾಗಲ್ಲ, ಅದು ಆಗುತ್ತಾ ಇರುವುದನ್ನು ನಾವು ಕೂತು ನೋಡಬೇಕು.

ಕೊನೆಯ ದೃಶ್ಯವನ್ನೂ ತಪ್ಪಿಸಬೇಡಿ. ರಾಕ್ಷಸ ದೊಡ್ಡ ಕನ್ನಡಿಯ ಮುಂದೆ ನಿಲ್ಲುತ್ತಾನೆ, ನಿಂತಲ್ಲೇ ಮಾಯವಾಗುತ್ತಾನೆ. ಪ್ರತಿಬಿಂಬ ಮಾತ್ರ ಕನ್ನಡಿಯಲ್ಲಿ ಉಳಿಯುತ್ತದೆ. ಅವನನ್ನು ಸೃಷ್ಟಿಸಿದವನು ಒಳಗೆ ಬಂದು ಕನ್ನಡಿ ನೋಡಿದರೆ, ತನ್ನ ಮುಖ ಇರಬೇಕಾದ ಕಡೆ ರಾಕ್ಷಸನ ಮುಖ!

ಅಂದಹಾಗೆ, ಯೂಟ್ಯೂಬಿನಲ್ಲಿ ಸಿಗುವ ಪ್ರತಿಗಳಿಗೆ ಯಾರ್‍ಯಾರೋ ಆಮೇಲೆ ಸಂಗೀತ ಸೇರಿಸಿರುತ್ತಾರೆ. ಸದ್ದು ಪೂರ್ತಿ ಆರಿಸಿ, ರಾತ್ರಿ ಒಬ್ಬರೇ ನೋಡಿ.